ತುಂಡಾಗುವ ತಂತಿ

ಅಮೆರಿಕದ ಲಾಯ್ಡ್ ಅಲೆಕ್ಸಾಂಡರ್ 1964ರಿಂದ 1968ರವರೆಗೆ ಮಕ್ಕಳಿಗಾಗಿ ಬರೆದ ಐದು ಕಾದಂಬರಿಗಳು ಪ್ರಿಡೇನ್ ಎಂಬ ಕಲ್ಪಿತ ನಾಡಿನ ಕಥೆ. ಅಲ್ಲಿ ಫ್ಲೂಡರ್ ಫ್ಲಾಮ್ ಅಂತ ಒಬ್ಬ ರಾಜ. ರಾಜ್ಯ ಬಿಟ್ಟು ಹಾಡುಗಾರನಾಗಲು ಹೊರಟ, ಪರೀಕ್ಷೆಯಲ್ಲಿ ಫೇಲಾದ. ಆಗ ಹಾಡುಗಾರರ ಹಿರಿಯ ಅವನಿಗೆ ಕೊಟ್ಟದ್ದು ಒಂದು ಹಾರ್ಪ್, ಬೆರಳಲ್ಲಿ ಮೀಟುವ ತಂತಿವಾದ್ಯ. ಇವನು ಸ್ವಲ್ಪ ಬಣ್ಣ ಕಟ್ಟಿ ಮಾತಾಡಿದರೆ ಸಾಕು, ಟಣ್ಣಂತ ತಂತಿ ತುಂಡಾಗುತ್ತದೆ.

ಮೊದಲು ನಗು ಬಂತು. ಆಮೇಲೆ, ನಿಜ ಹೇಳಬೇಕೆಂದರೆ, ಬೇಜಾರು. ಬಡಾಯಿ, ತಂತಿ, ಮತ್ತೆ ಬಡಾಯಿ, ಮತ್ತೆ ತಂತಿ. ನೀತಿಪಾಠ ಹೇಳಲಿಕ್ಕೆ ಮಾಯದ ವಾದ್ಯ ಎಂತಕ್ಕೆ, ಮಾಷ್ಟ್ರ ಬೆತ್ತವೇ ಸಾಕಿತ್ತಲ್ಲ ಅನ್ನಿಸಿತು.

ಐದನೆಯ ಪುಸ್ತಕಕ್ಕೆ ಬಂದಾಗ ನನ್ನ ಅಭಿಪ್ರಾಯ ಬದಲಾಯಿತು. ಹಿಮದ ರಾತ್ರಿ, ಸೌದೆಯಿಲ್ಲ, ಗೆಳೆಯರು ಚಳಿಗೆ ಸಾಯುವ ಹಾಗಾಗಿದ್ದಾರೆ. ಫ್ಲೂಡರ್ ಹಾರ್ಪನ್ನೇ ಮುರಿದು ಬೆಂಕಿಗೆ ಹಾಕುತ್ತಾನೆ. ಅವರು ಮರುಗಿದಾಗ, ಹೊರೆ ಇಳಿಯಿತು, ತನಗೆ ಅದು ಸರಿಯಾಗಿ ಬಾರಿಸಲಿಕ್ಕೇ ಬರುತ್ತಿರಲಿಲ್ಲ ಅನ್ನುತ್ತಾನೆ. ಉರಿಯೊಳಗೇ ಕೆಲವು ತಂತಿಗಳು ತುಂಡಾಗುತ್ತವೆ! ಬಡಾಯಿಗೆ ತುಂಡಾದ ಹಾಗೆಯೇ ಈ ದೊಡ್ಡ ಮನಸ್ಸಿನ ಸುಳ್ಳಿಗೂ. ವಾದ್ಯಕ್ಕೆ ಎರಡೂ ಒಂದೇ, ಓದುವವನಿಗೆ ಅಲ್ಲ. ಲೇಖಕರು ಇದನ್ನು ಬಿಡಿಸಿ ಹೇಳಲು ಹೋಗಿಲ್ಲ, ಅದೇ ಒಳ್ಳೆಯದಾಯಿತು.

ಆ ಹಳೇ ತಮಾಷೆ ಅಷ್ಟು ಸಲ ಬಾರದಿದ್ದರೆ ಈ ಜಾಗ ನನಗೆ ಹೀಗೆ ತಟ್ಟುತ್ತಿತ್ತೋ ಇಲ್ಲವೋ. ಆದರೂ ನಡುವಿನ ಪುಸ್ತಕಗಳಲ್ಲಿ ನಾಲ್ಕೈದು ತಂತಿ ಉಳಿದಿದ್ದರೆ ನಷ್ಟವೇನಿರಲಿಲ್ಲ.