ಸೈನಿಕನ ದನಿ ಯಾರ ಸೊತ್ತು?

ಮೊಳಕಾಲ್ಮೂರು ತಾಲ್ಲೂಕಿನ ಬ್ರಹ್ಮಗಿರಿಯಲ್ಲಿ ಅಶೋಕನ ಶಾಸನವಿರುವುದನ್ನು ವಾಚಕರು ಬಲ್ಲರು. ಪ್ರಾಣಿಗಳಲ್ಲಿ ದಯೆಯಿರಬೇಕು, ಸತ್ಯವನ್ನೇ ನುಡಿಯಬೇಕು ಎಂದು ಬೋಧಿಸುವ ಆ ಬಂಡೆಯ ಮೇಲೆ, ಬರೆದ ಲಿಪಿಕಾರ ಚಪಡನ ಹೆಸರೂ ಇದೆ. ಅದೇ ದೊರೆ ಕಳಿಂಗ ಯುದ್ಧಕ್ಕಾಗಿ ಮರುಗುವ ಹದಿಮೂರನೆಯ ಶಾಸನದಲ್ಲಿಯಾದರೋ ಲಕ್ಷ ಜನ ಹತರಾದರೆಂಬ ಲೆಕ್ಕವುಂಟು, ಒಬ್ಬ ಸೈನಿಕನ ಹೆಸರೂ ಇಲ್ಲ. ಕಾದಿದವನ ಅನುಭವವನ್ನು ಅವನ ಬಾಯಿಂದಲೇ ಕೇಳುವುದು ಧ್ವನಿಮುದ್ರಣ ಬಂದ ಮೇಲಷ್ಟೇ ಸಾಧ್ಯವಾಯಿತು. ಆ ಸೌಲಭ್ಯವನ್ನು ಸಾಕ್ಷ್ಯಚಿತ್ರಕಾರರು ಹೇಗೆ ಬಳಸಿದ್ದಾರೆಂಬುದನ್ನು ಮೊದಲನೆಯ ಮಹಾಯುದ್ಧದ ಕುರಿತ ಎರಡು ಚಿತ್ರಗಳಿಂದ ಪರಿಶೀಲಿಸಬಹುದು.

ನ್ಯೂಜಿಲೆಂಡಿನ ಪೀಟರ್ ಜಾಕ್ಸನ್ ಅವರ ‘ದೇ ಷಲ್ ನಾಟ್ ಗ್ರೋ ಓಲ್ಡ್’ 2018ರಲ್ಲಿ ತೆರೆಕಂಡಿತು. ಲಂಡನ್ನಿನ ಇಂಪೀರಿಯಲ್ ವಾರ್ ಮ್ಯೂಸಿಯಂನಲ್ಲಿದ್ದ ಮೂಕ ತುಣುಕುಗಳ ವೇಗವನ್ನು ತಿದ್ದಿ, ಬಣ್ಣ ತುಂಬಿ, ತುಟಿಚಲನೆಯನ್ನು ಓದಬಲ್ಲವರಿಂದ ಮಾತುಗಳನ್ನು ಗುರುತಿಸಿ ನಟರಿಂದ ನುಡಿಸಿದ್ದಾರೆ. ರೇಷ್ಮೆಸೀರೆಯ ಊರಿನವನಾದ ನನಗೆ ಬಣ್ಣದ ಮೇಲೆ ಮುನಿಸಿಲ್ಲ. ಕಂದಕದ ಕೆಸರು, ಹೇನಿನ ಕಾಟ, ಒಂದು ಲೋಟ ಚಹಾದ ಹಂಬಲ ಇವೆಲ್ಲ ಮನಸ್ಸನ್ನು ಕಲಕುತ್ತವೆ. ನನ್ನ ಆಕ್ಷೇಪ ಬೇರೆ. ಸುಮಾರು 120 ಮಾಜಿ ಸೈನಿಕರ ದನಿಗಳನ್ನು ಪೋಣಿಸಿರುವ ಈ ಚಿತ್ರ, ನುಡಿಯುತ್ತಿರುವವನು ಯಾರು, ಯಾವ ದಳದವನು, ಯಾವ ಕಾಳಗವನ್ನು ಹೇಳುತ್ತಿದ್ದಾನೆ ಎಂಬುದನ್ನು ಆಯಾ ಸ್ಥಳದಲ್ಲಿ ತಿಳಿಸುವುದಿಲ್ಲ. ಹೆಸರುಗಳು ಕಡೆಯಲ್ಲಿ ಪಟ್ಟಿಯಾಗಿ ಬರುತ್ತವೆ. ಕಿರ್ದಿಯಲ್ಲಿ ಬರೀ ಮೊತ್ತಗಳನ್ನು ಬರೆದು, ಗಿರಾಕಿಗಳ ಹೆಸರನ್ನು ಕೊನೆಯ ಹಾಳೆಗೆ ತಳ್ಳಿದಂತಾಯಿತು. ಮತ್ತೊಮ್ಮೆ ಯುದ್ಧಕ್ಕೆ ಹೋಗುತ್ತಿದ್ದೆನೆನ್ನುವ ದನಿಯೂ ಅದೆಲ್ಲ ವ್ಯರ್ಥವೆನ್ನುವ ದನಿಯೂ ಒಂದೇ ಪ್ರವಾಹದಲ್ಲಿ ಕರಗಿಹೋಗುತ್ತವೆ. ಇದಲ್ಲದೆ, 1914-15ರಲ್ಲಿ ಫ್ರಾನ್ಸಿನ ಕಂದಕಗಳಲ್ಲಿ ಭಾರತೀಯ ದಳಗಳೂ ಇದ್ದವು. ಕೇಳಿಬರುವ ಅನುಭವ ಬ್ರಿಟನ್ನಿನ ಸೈನಿಕರದು.

ಜರ್ಮನಿಯ ಫಿಲಿಪ್ ಷೆಫ್ನರ್ ಅವರ ‘ದಿ ಹಾಫ್‌ಮೂನ್ ಫೈಲ್ಸ್’ (2007) ಇದಕ್ಕೆ ವ್ಯತಿರಿಕ್ತವಾದುದು. ಬರ್ಲಿನ್ನಿನ ಸಮೀಪದ ಸೆರೆಶಿಬಿರದಲ್ಲಿದ್ದ ಭಾರತೀಯ ಸೈನಿಕರ ದನಿಯನ್ನು ಜರ್ಮನ್ ವಿದ್ವಾಂಸರು ಭಾಷಾಧ್ಯಯನಕ್ಕಾಗಿ ಮುದ್ರಿಸಿಕೊಂಡಿದ್ದರು. ಪಂಜಾಬಿನ ಮಾಲ್ ಸಿಂಗನ ದನಿ 1916ರ ಡಿಸೆಂಬರ್ 11ರದು. ಒಂದೂವರೆ ನಿಮಿಷವೂ ಇಲ್ಲ. ಅವನು ‘ನಾನು’ ಎನ್ನುವುದೇ ಇಲ್ಲ. ಹಿಂದೂಸ್ಥಾನದಲ್ಲಿ ಬೆಣ್ಣೆ ತಿನ್ನುತ್ತಿದ್ದ ಒಬ್ಬ ಮನುಷ್ಯನಿದ್ದ, ಯುದ್ಧಕ್ಕೆ ಬಂದು ಸೆರೆಯಾದ, ಊರಿಗೆ ಮರಳಲು ಬಯಸುತ್ತಾನೆ ಎಂದು ಪರರ ಕಥೆಯಂತೆ ಹೇಳುತ್ತಾನೆ. ವಿದ್ವಾಂಸರಿಗೆ ಬೇಕಾದದ್ದು ಉಚ್ಚಾರಣೆ. ಅವನು ಇಟ್ಟದ್ದು ಮೊರೆ. ಕೊಟ್ಟದ್ದನ್ನಲ್ಲದೆ ಕೊಳ್ಳಬಾರದೆಂಬ ಅಚೌರ್ಯದ ನಿಯಮವನ್ನು ದನಿಗೂ ಅನ್ವಯಿಸಿದರೆ, ಸೆರೆಯಾಳಿನಿಂದ ಪಡೆದ ಈ ಮುದ್ರಣ ಯಾರ ಸೊತ್ತಾಗಬೇಕು? ಷೆಫ್ನರ್ ಆ ಪ್ರಶ್ನೆಯನ್ನು ಬಚ್ಚಿಡುವುದಿಲ್ಲ. ದನಿಗೆ ತಕ್ಕ ಚಿತ್ರವಿಲ್ಲದೆಡೆ ತೆರೆಯನ್ನು ಕಪ್ಪಾಗಿಯೇ ಬಿಡುತ್ತಾರೆ. ನೋಡುವವರ ಸಹನೆಯನ್ನು ಅದು ಪರೀಕ್ಷಿಸುತ್ತದೆ, ನಿಜ. ಆದರೂ ಆ ಕತ್ತಲೆಯನ್ನೇ ನಾನು ಹೆಚ್ಚು ನಂಬುತ್ತೇನೆ.

1918ರ ಸೆಪ್ಟೆಂಬರ್ 23ರಂದು ಹೈಫಾದಲ್ಲಿ ಹೋರಾಡಿದ ಮೈಸೂರು ಲ್ಯಾನ್ಸರ್ಸ್ ಪಡೆಗೆ ಬೆಂಗಳೂರಿನ ಜೆ.ಸಿ. ನಗರದಲ್ಲಿ ಸ್ಮಾರಕವಿದೆ. ಅವರ ಮೇಲೆ ಚಿತ್ರ ತೆಗೆಯುವವರು ನಟನಿಂದ ಕಲ್ಪಿತ ನೆನಪುಗಳನ್ನು ಹೇಳಿಸದಿರಲಿ. 1971ರ ಯುದ್ಧ ಕಂಡವರಾದರೋ ಇನ್ನೂ ನಮ್ಮ ನಡುವೆ ಇದ್ದಾರೆ. ಅವರ ಮಾತನ್ನು ದಾಖಲಿಸಲು ಯಾವುದಾದರೂ ಬಸದಿಯ ಟ್ರಸ್ಟ್ ಮುಂದಾದಲ್ಲಿ ಪ್ರತಿ ಮುದ್ರಣದ ಮೊದಲಿಗೇ ಹೆಸರು, ಊರು, ದಳ, ದಿನಾಂಕಗಳಿರಲಿ. ಇದನ್ನು ಯಾರು ಕೇಳಬಹುದು, ಯಾರು ಕೇಳಬಾರದು ಎಂದು ಅವರನ್ನೇ ವಿಚಾರಿಸಿ ಬರೆದಿಡಲಿ.