ಕೆಂಪು ಬಣ್ಣದಾಚೆಯ ಕ್ಯಾಥ್ಲೀನ್ ಬೈರನ್

‘ಬ್ಲ್ಯಾಕ್ ನಾರ್ಸಿಸಸ್’ (1947) ಮಾತು ಬಂದಾಗ ಎಲ್ಲರ ಬಾಯಲ್ಲೂ ಡೆಬೋರಾ ಕೆರ್ ಹೆಸರು. ಸಿನಿಮಾ ಬಲ್ಲವರು ಜ್ಯಾಕ್ ಕಾರ್ಡಿಫ್‌ಗೆ ಆಸ್ಕರ್ ತಂದ ಛಾಯಾಗ್ರಹಣವನ್ನು ಹೊಗಳುತ್ತಾರೆ. ನಮ್ಮವರು ಅದರಲ್ಲಿ ಯುವ ಜನರಲ್ ಆಗಿ ಬರುವ ಸಾಬುವನ್ನು, ಮೈಸೂರು ಸೀಮೆಯ ಕಾರಾಪುರದ ಹುಡುಗನನ್ನು, ಅಭಿಮಾನದಿಂದ ನೆನೆಯುತ್ತಾರೆ. ಆದರೆ ಚಿತ್ರ ಮುಗಿದ ಮೇಲೂ ಬೆನ್ನು ಬಿಡದೆ ಕಾಡುವುದು ಸಿಸ್ಟರ್ ರೂತ್. ಆ ಪಾತ್ರ ಮಾಡಿದ ಕ್ಯಾಥ್ಲೀನ್ ಬೈರನ್ ಹೆಸರು ಎಷ್ಟು ಜನಕ್ಕೆ ಗೊತ್ತು?

ಒಂದು ದೃಶ್ಯದಲ್ಲಿ ರೂತ್ ಸನ್ಯಾಸದ ಉಡುಪು ಕಳಚಿ ಕೆಂಪು ಗೌನು ತೊಟ್ಟಿದ್ದಾಳೆ. ಎದುರಿಗೆ ಮಠದ ಹಿರಿಯಳು ಬೈಬಲ್ ಹಿಡಿದು ಕೂತಿದ್ದಾಳೆ, ನಡುವೆ ಒಂದು ಮೇಣದಬತ್ತಿ. ರೂತ್ ಲಿಪ್‌ಸ್ಟಿಕ್ ತೆಗೆದು, ಅವಸರವಿಲ್ಲದೆ, ತುಟಿಗೆ ಹಚ್ಚಿಕೊಳ್ಳುತ್ತಾಳೆ. ಅರಚಾಟವಿಲ್ಲ, ಕೈಕಾಲು ಬಡಿಯುವುದಿಲ್ಲ. ಹುಚ್ಚಿಯ ಪಾತ್ರ ಸಿಕ್ಕರೆ ಸಾಕು, ಕಣ್ಣು ಹೊರಳಿಸಿ ಕೂದಲು ಕೆದರಿಕೊಳ್ಳುವ ನಟಿಯರನ್ನು ಬೇಕಾದಷ್ಟು ನೋಡಿದ್ದೇವೆ. ಬೈರನ್ನರ ರೂತ್‌ಗೆ ತಾನು ಮಾಡುತ್ತಿರುವುದು ಸರಿ ಎಂಬ ಖಚಿತ ನಂಬಿಕೆಯಿದೆ. ಭಯ ಹುಟ್ಟುವುದೇ ಅದರಿಂದ. ಹಿಮಾಲಯದ ಆ ಮಠವೆಲ್ಲ ಇಂಗ್ಲೆಂಡಿನ ಪೈನ್‌ವುಡ್ ಸ್ಟುಡಿಯೊದಲ್ಲಿ ಕಟ್ಟಿದ್ದು. ಬೆಟ್ಟಗಳು ಚಿತ್ರಕಾರರ ಕೈಚಳಕ. ಅಂಥ ಕೃತಕ ಲೋಕದ ನಡುವೆ ಆ ಮುಖವೊಂದು ಅಪ್ಪಟ ನಿಜ.

ಇದೇ ಯಶಸ್ಸು ಅವರಿಗೆ ಮುಳುವಾಯಿತು ಎಂದು ನನ್ನ ನಂಬಿಕೆ. ನಿರ್ಮಾಪಕರಿಗೆ ಆ ಕಣ್ಣುಗಳಲ್ಲಿ ಉನ್ಮಾದ ಮಾತ್ರ ಕಂಡಿತು.

ಅದಕ್ಕೇ ಹೇಳುತ್ತೇನೆ, ಅದೇ ಪವೆಲ್–ಪ್ರೆಸ್‌ಬರ್ಗರ್ ನಿರ್ದೇಶಕ ಜೋಡಿಯ ‘ದ ಸ್ಮಾಲ್ ಬ್ಯಾಕ್ ರೂಮ್’ (1949) ಹುಡುಕಿ ನೋಡಿ. ಕಪ್ಪು-ಬಿಳುಪು ಚಿತ್ರ, ಯುದ್ಧಕಾಲದ ಲಂಡನ್. ನಾಯಕ ಬಾಂಬು ತಜ್ಞ. ಒಂದು ಕಾಲಿನ ಪಾದ ಕೃತಕ, ನೋವು ಮರೆಯಲು ಕುಡಿತದ ಸೆಳೆತ. ಅವನನ್ನು ಪ್ರೀತಿಸುವ ಸೂಸನ್ ಆಗಿ ಬೈರನ್. ನಾಯಕ ಡೇವಿಡ್ ಫ್ಯಾರರ್, ಹಿಂದಿನ ಚಿತ್ರದಲ್ಲಿ ರೂತ್ ಹುಚ್ಚಾಗಿ ಬಯಸಿದ ಅದೇ ನಟ! ಇಲ್ಲಿ ಸೂಸನ್ ಅವನಿಗೆ ಉಪದೇಶ ಮಾಡುವುದಿಲ್ಲ, ಅಯ್ಯೋ ಎನ್ನುವುದೂ ಇಲ್ಲ. ಬಾಟಲಿಯತ್ತ ಅವನ ನೋಟ ಹೊರಳಿದ್ದು ಅವಳಿಗೆ ಗೊತ್ತು. ಗೊತ್ತಿದೆ ಎಂಬುದು ನಮಗೂ ತಿಳಿಯುತ್ತದೆ, ಒಂದೂ ಮಾತಿಲ್ಲದೆ. ರೂತ್‌ಗಿಂತ ಇದು ಕಷ್ಟದ ಪಾತ್ರ. ಬೈರನ್ನರ ಅತ್ಯುತ್ತಮ ಅಭಿನಯವೂ ಇದೇ.

ಆಮೇಲೆ ಹಾಲಿವುಡ್ಡಿನ ‘ಯಂಗ್ ಬೆಸ್’ನಲ್ಲಿ (1953) ಪೋಷಕ ಪಾತ್ರ, ಊರಿಗೆ ಮರಳಿ ಟೆಲಿವಿಷನ್, ಭಯಾನಕ ಚಿತ್ರಗಳು. 1998ರ ‘ಸೇವಿಂಗ್ ಪ್ರೈವೇಟ್ ರಯಾನ್’ನಲ್ಲಿ ಸೈನಿಕರ ಸ್ಮಶಾನಕ್ಕೆ ಬರುವ ಮುದುಕ ರಯಾನ್‌ನ ಹೆಂಡತಿ ಇದೇ ಬೈರನ್. ತಾನು ಒಳ್ಳೆಯ ಮನುಷ್ಯನಾಗಿ ಬಾಳಿದೆನೇ ಎಂದು ಅವನು ಕೇಳಿದಾಗ ಉತ್ತರಿಸುವುದು ಅವರೇ. 2009ರಲ್ಲಿ ತೀರಿಕೊಂಡಾಗ ಅವರಿಗೆ 88 ವರ್ಷ.