ಕಾಲನಿಯಾಮಕ ಗಾನ: ಒಂದು ಪಾಠವಿಚಾರ

ಜೆ. ಆರ್. ಆರ್. ಟೋಲ್ಕಿನ್ನರ ಕಲ್ಪಿತ ಲೋಕದಲ್ಲಿ ಐನೂರ್ ಎಂಬ ದಿವ್ಯಗಾಯಕರ ಮೇಳಗಾನವು ಲೋಕಚರಿತ್ರೆಗೆ ಪೂರ್ವಲೇಖವಾಗಿದೆ; ಮೆಲ್ಕೋರನ ಅಪಸ್ವರವೂ ಅದರಲ್ಲಿ ಅಡಕ. ಉಳಿದೆಲ್ಲಕ್ಕೂ ಆ ಗಾನವೇ ನಿಯತಿ. ಮನುಷ್ಯರಿಗೆ ಮಾತ್ರ ಅದನ್ನು ಮೀರಿ ಬಾಳನ್ನು ರೂಪಿಸಿಕೊಳ್ಳುವ ಶಕ್ತಿಯುಂಟು.

ಈ ಅಪವಾದವಾಕ್ಯದ ಸ್ಥಾನವೇ ವಿಚಾರಣೀಯ. 1983ರಲ್ಲಿ ಬೆಳಕು ಕಂಡ ಪೂರ್ವಪಾಠದಲ್ಲಿ, ರೂಮಿಲನು ಏರಿಯೋಲನಿಗೆ ಹೇಳುವ ಗಾನಕಥೆಯೊಳಗೇ ಅದು ಬರುತ್ತದೆ. ಗ್ರಂಥಕರ್ತರು 1973ರಲ್ಲಿ ತೀರಿಕೊಂಡ ಬಳಿಕ ಪುತ್ರ ಕ್ರಿಸ್ಟೊಫರ್ ಸಂಪಾದಿಸಿದ 1977ರ ‘ಸಿಲ್ಮರಿಲಿಯನ್’ನಲ್ಲಿ ಅದು ಗಾನಭಾಗವನ್ನು ಬಿಟ್ಟು ಮುಂದಿನ ಬೇರೊಂದು ಅಧ್ಯಾಯಕ್ಕೆ ಸರಿದಿದೆ, ಹೇಳುವವನೂ ಕೇಳುವವನೂ ಮರೆಯಾಗಿದ್ದಾರೆ. ಕಥನದ ಚೌಕಟ್ಟನ್ನು ಕೈಬಿಟ್ಟದ್ದು ತಪ್ಪೆಂದು ಸಂಪಾದಕರೇ ಅನಂತರ ಒಪ್ಪಿಕೊಂಡರು. ಅಂಥ ಪ್ರಾಮಾಣಿಕತೆ ಸಂಪಾದಕರಲ್ಲಿ ವಿರಳ. ಆದರೆ ವಾಕ್ಯದ ಸ್ಥಾನಪಲ್ಲಟವು ಅದಕ್ಕಿಂತ ಗುರುತರವಾದುದು. ಗಾನಭಾಗವನ್ನಷ್ಟೇ ಓದಿದವನು ಮನುಷ್ಯನೂ ಆ ನಿಯತಿಗೆ ಅಧೀನನೆಂದೇ ಭಾವಿಸಿಯಾನು.